ಕಿಟ್ಟಿ ಕೆಟ್ಟ ಹೆಸರಲ್ಲ

ಅಧ್ಯಕ್ಷರಿಗೆ, ಕನ್ನಡ ಸಂಘದ ಗೆಳೆಯರಿಗೆ ಮತ್ತು ಇಷ್ಟು ಮಳೆಯಲ್ಲೂ ಬಂದು ಕುಳಿತಿರುವ ಎಲ್ಲರಿಗೂ ನಮಸ್ಕಾರ.

ನನಗೆ ಕೊಟ್ಟಿರುವುದು ಕನ್ನಡದ ವ್ಯಕ್ತಿನಾಮಗಳು ಎಂಬ ಬಹುದೊಡ್ಡ ವಿಷಯ. ಅದರಲ್ಲಿ ಒಂದೇ ಒಂದು ಹೆಸರನ್ನು, ಅದೂ ಎರಡಕ್ಷರದ ಒಂದು ಕರೆಯುವ ಹೆಸರನ್ನು ಮಾತ್ರ ಎತ್ತಿಕೊಂಡು ಬಂದಿದ್ದೇನೆ. ಆ ಹೆಸರು ಕಿಟ್ಟಿ. ಕಳೆದ ತಿಂಗಳು ಒಂದು ಮದುವೆಮನೆಯಲ್ಲಿ ವಯಸ್ಸಾದ ತಾಯಿಯೊಬ್ಬರು ಮೊಮ್ಮಗನನ್ನು 'ಕಿಟ್ಟಿ, ಬಾರೋ' ಎಂದು ಕರೆದರು. ಪಕ್ಕದಲ್ಲಿದ್ದ ಅವರ ಮಗಳು, 'ಹಾಗೆಲ್ಲ ಹೆಸರು ಕೆಡಿಸಬೇಡಮ್ಮ, ಅದು ದೇವರ ಹೆಸರು' ಎಂದರು. ಆ ತಾಯಿ ತಪ್ಪು ಮಾಡಿದವರಂತೆ ಸೆರಗನ್ನು ಭುಜದ ಮೇಲೆ ಎಳೆದುಕೊಂಡು ಸುಮ್ಮನಾದರು. ಮಗುವನ್ನು ಮತ್ತೆ ಕರೆಯಲಿಲ್ಲ. ಪರರ ಮನೆಯ ಮಾತಿನಲ್ಲಿ ಬಾಯಿ ಹಾಕಬಾರದೆಂದು ನಾನು ಅಲ್ಲಿ ಏನೂ ಹೇಳಲಿಲ್ಲ. ಹೇಳಬೇಕಾಗಿದ್ದನ್ನು ಇಲ್ಲಿ ಹೇಳುತ್ತೇನೆ: ಕಿಟ್ಟಿ ಎಂಬುದು ಕೆಟ್ಟ ಕೃಷ್ಣನಲ್ಲ, ಕನ್ನಡದ ಬಾಯಲ್ಲಿ ಪಳಗಿದ ಕೃಷ್ಣ.

ತದ್ಭವಗಳ ಪಾಠ ನಿಮಗೆಲ್ಲ ಗೊತ್ತಿರುವುದರಿಂದ ಅದರ ಒಂದೆರಡು ಎಳೆಗಳನ್ನಷ್ಟೇ ನೆನಪಿಸುತ್ತೇನೆ. ಮೃಗ ಎಂಬುದು ಮಿಗವಾಯಿತು, ಶೃಂಗಾರ ಸಿಂಗಾರವಾಯಿತು. ವ್ಯಂಜನದ ಕೆಳಗಿದ್ದ ಋಕಾರ ಕನ್ನಡಕ್ಕೆ ಬಂದಾಗ ಹಲವು ಕಡೆ ಇಕಾರವಾಯಿತು. ಶ್ರೇಷ್ಠಿ ಸೆಟ್ಟಿಯಾದ, ಗೋಷ್ಠಿ ಗೊಟ್ಟಿಯಾಯಿತು. ಷಕಾರ ತನ್ನ ಜೊತೆಯ ಅಕ್ಷರದೊಳಗೆ ಕರಗಿ ಒತ್ತಕ್ಷರವಾಯಿತು. ಈ ಎರಡು ಮಾರ್ಪಾಟುಗಳೂ ಒಂದೇ ಶಬ್ದದಲ್ಲಿ ಕೂಡಿ ಬಂದದ್ದನ್ನು ನೋಡಬೇಕೆಂದರೆ ದೃಷ್ಟಿ ದಿಟ್ಟಿಯಾದುದನ್ನು ನೋಡಿ. ಕೃಷ್ಣ ಎಂಬಲ್ಲಿ ಷಕಾರದ ಜೊತೆಗಿರುವುದು ಣಕಾರವಲ್ಲವೇ ಎಂದು ನೀವು ಕೇಳಬಹುದು, ಕೇಳಲೇಬೇಕು. ಉಷ್ಣವನ್ನು 'ಉಷ್ಟ' ಎನ್ನುವವರನ್ನೂ ಕೃಷ್ಣಪ್ಪನನ್ನು 'ಕಿಷ್ಟಪ್ಪ' ಎನ್ನುವವರನ್ನೂ ನೀವು ಕೇಳಿದ್ದೀರಿ. ಅವರು ತಪ್ಪು ಉಚ್ಚರಿಸುತ್ತಿಲ್ಲ. ಕೃಷ್ಣ ಕಿಟ್ಟನಾಗುವ ದಾರಿಯ ನಡುವಿನ ಮೆಟ್ಟಿಲನ್ನು ನಮಗಾಗಿ ಉಳಿಸಿಕೊಂಡಿದ್ದಾರೆ. ಹದಿಮೂರನೆಯ ಶತಮಾನದ ಕೇಶಿರಾಜ ತನ್ನ ಶಬ್ದಮಣಿದರ್ಪಣದಲ್ಲಿ ಇಂಥ ಮಾರ್ಪಾಟುಗಳಿಗಾಗಿಯೇ ಅಪಭ್ರಂಶ ಪ್ರಕರಣವೊಂದನ್ನು ಬರೆದ. ಅಪಭ್ರಂಶ ಎಂಬ ಆ ಶಬ್ದಕ್ಕೆ ಜಾರಿ ಬಿದ್ದದ್ದು ಎಂಬ ಅರ್ಥ ಅಂಟಿಕೊಂಡಿರುವುದರಿಂದಲೇ ನಮ್ಮ ಓದಿದ ಮಕ್ಕಳಿಗೆ ಇಷ್ಟು ಅಳುಕು. ಕೇಶಿರಾಜನಿಗೆ ಆ ಅಳುಕು ಇರಲಿಲ್ಲ. ಅವನು ಅವುಗಳಿಗೆ ನಿಯಮ ಕಂಡ. ನಿಯಮವಿರುವುದನ್ನು ಕೆಟ್ಟದ್ದು ಎನ್ನಲಾಗದು.

ಇದು ಬರೀ ಹಳ್ಳಿಯ ಮಾತು, ಅರಸರ ಸಭೆಯಲ್ಲಿ ನಡೆಯದು ಎನ್ನುವವರನ್ನು ನಾನು ಬೆಂಗಳೂರಿನ ಸರ್ಕಾರಿ ವಸ್ತುಸಂಗ್ರಹಾಲಯಕ್ಕೆ ಕರೆದೊಯ್ಯುತ್ತೇನೆ. ಅಲ್ಲಿ ಮಂಡ್ಯ ಜಿಲ್ಲೆಯ ಆತಕೂರಿನಿಂದ ತಂದ ಕಲ್ಲೊಂದಿದೆ. ಹಂದಿಯೊಡನೆ ಹೋರಾಡಿ ಸತ್ತ ಕಾಳಿ ಎಂಬ ನಾಯಿಯ ನೆನಪಿಗೆ ನಿಲ್ಲಿಸಿದ ಕಲ್ಲು ಎಂದು ನಮಗೆಲ್ಲ ಅದರ ಮೇಲೆ ಪ್ರೀತಿ. ಶಕವರ್ಷ 872ರ, ಎಂದರೆ ಕ್ರಿ.ಶ. 949-50ರ ಆ ಶಾಸನ, ತಕ್ಕೋಲದಲ್ಲಿ ಚೋಳ ರಾಜಾದಿತ್ಯನನ್ನು ಸೋಲಿಸಿದ ರಾಷ್ಟ್ರಕೂಟ ಚಕ್ರವರ್ತಿ ಮೂರನೆಯ ಕೃಷ್ಣನನ್ನು ಒಂದೇ ಉಸಿರಿನಲ್ಲಿ ಕೃಷ್ಣರಾಜ ಎಂದೂ ಕನ್ನರದೇವ ಎಂದೂ ಕರೆಯುತ್ತದೆ. ಕನ್ನರ ಎಂದರೆ ಪ್ರಾಕೃತದ ಕಣ್ಹನ ದಾರಿಯಲ್ಲಿ ಬಂದ ಕೃಷ್ಣನೇ. ತಮಿಳರ ಕಣ್ಣನ್, ಹಿಂದಿಯವರ ಕಾನ್ಹಾ, ಮರಾಠಿಯ ಕಾನ್ಹೋಬಾ ಎಲ್ಲರೂ ಆ ದಾರಿಯವರೇ. ಕಿಟ್ಟ ಬಂದದ್ದು ಇನ್ನೊಂದು ದಾರಿಯಲ್ಲಿ. ಆ ದಾರಿಯಲ್ಲೂ ಒಬ್ಬ ಅರಸನಿದ್ದಾನೆ: 1117ರಲ್ಲಿ ಬೇಲೂರಿನ ಗುಡಿಯನ್ನು ಕಟ್ಟಿಸಿದ ಹೊಯ್ಸಳ ವಿಷ್ಣುವರ್ಧನ. ಬಿಟ್ಟಿದೇವನೆಂಬವನು ಮತ ಬದಲಿಸಿ ವಿಷ್ಣುವರ್ಧನನೆಂಬ ಹೊಸ ಹೆಸರು ಪಡೆದ ಎಂಬ ಕಥೆಯನ್ನು ನಾವೆಲ್ಲ ಶಾಲೆಯಲ್ಲಿ ಕೇಳಿದ್ದೇವೆ. ಆದರೆ ವಿಷ್ಣು ಎಂಬುದರ ಕನ್ನಡ ರೂಪವೇ ಬಿಟ್ಟಿ. ಹೊಸ ಹೆಸರು ಎನ್ನುವುದು ಹಳೆಯ ಹೆಸರಿನೊಳಗೆ ಆಗಲೇ ಇತ್ತು. ವಿಷ್ಣು ಬಿಟ್ಟಿಯಾಗಬಹುದಾದರೆ ಕೃಷ್ಣ ಕಿಟ್ಟಿಯಾಗುವುದರಲ್ಲಿ ಏನು ಕೇಡಿದೆ? ಕೂಲಿಯಿಲ್ಲದ ದುಡಿಮೆಗೆ ಹೇಳುವ ವಿಷ್ಟಿ ಎಂಬ ಶಬ್ದವೂ ಬಿಟ್ಟಿಯೇ ಆಗಿ, ಇವತ್ತು ಪುಕ್ಕಟೆ ಎಂಬ ಅರ್ಥದಲ್ಲಿ ಅದೊಂದೇ ಉಳಿದು, ಪಾಪ, ಅರಸನ ಹೆಸರು ಮಕ್ಕಳಿಗೆ ನಗು ತರಿಸುವಂತಾಯಿತು. ವಿಜಯನಗರದ ಪ್ರೌಢದೇವರಾಯನ ಮಂತ್ರಿ, ಲಕ್ಷ್ಮಣನಿಂದ ಬಂದ ಲಕ್ಕಣ್ಣ ದಂಡೇಶನ ಹೆಸರನ್ನೂ ವೃಷಭನಿಂದ ಬಂದ ಬಸವಣ್ಣನ ಹೆಸರನ್ನೂ ಇದೇ ಸಾಲಿನಲ್ಲಿ ಇಟ್ಟು ಮುಂದೆ ಹೋಗುತ್ತೇನೆ. ಬಸವಣ್ಣ ಎಂಬುದನ್ನು ಕೆಡಿಸಿದ ಹೆಸರು ಎನ್ನಲು ಯಾರ ನಾಲಗೆಯೂ ಏಳಲಾರದು.

ಇನ್ನು, ಮನೆಮನೆಯಲ್ಲೂ ಕಿಟ್ಟಿ ಯಾಕಿದ್ದ ಎಂಬ ಪ್ರಶ್ನೆ. ಇದಕ್ಕೆ ವ್ಯಾಕರಣ ಉತ್ತರ ಕೊಡದು. ನಮ್ಮ ಮನೆಯ ಕಥೆಯೊಂದನ್ನು ಹೇಳಬೇಕು, ಸ್ವಲ್ಪ ಉದ್ದವಾದರೆ ಸಹಿಸಿಕೊಳ್ಳಿ. ಮೊದಲ ಮೊಮ್ಮಗನಿಗೆ ಅಜ್ಜನ ಹೆಸರಿಡುವುದು ನಮ್ಮ ಮನೆಯ ವಾಡಿಕೆಯಾದ್ದರಿಂದ ನಮ್ಮ ದೊಡ್ಡಪ್ಪನಿಗೆ ಅವರ ಅಜ್ಜನ ಹೆಸರಾದ ಕೃಷ್ಣಪ್ಪ ಎಂಬುದನ್ನೇ ಇಟ್ಟರು. ಆದರೆ ನಮ್ಮ ಅಜ್ಜಿಗೆ ಆ ಕೃಷ್ಣಪ್ಪ ಮಾವನವರು; ಸೊಸೆಯಾದವಳು ಮಾವನ ಹೆಸರನ್ನು ಬಾಯಲ್ಲಿ ಎತ್ತುವಂತಿರಲಿಲ್ಲ. ಹೆತ್ತ ಮಗನನ್ನು ಕರೆಯುವುದು ಹೇಗೆ, ಗದರುವುದಂತೂ ಹೇಗೆ? ಕಿಟ್ಟಿ ಎಂಬ ಹೆಸರು ಅಲ್ಲಿ ಒದಗಿ ಬಂತು. ಅಜ್ಜಿ ಎಷ್ಟು ಕಟ್ಟುನಿಟ್ಟೆಂದರೆ, ಬೆಳಗ್ಗೆ ತುಳಸಿಕಟ್ಟೆಗೆ ತಾಮ್ರದ ಚೊಂಬಿನಿಂದ ನೀರೆರೆಯುತ್ತ ದಾಸರ ಪದ ಹೇಳುವಾಗಲೂ ಕೃಷ್ಣ ಎಂದು ಬಂದಲ್ಲೆಲ್ಲ ರಂಗ ಎಂದು ಹಾಡುತ್ತಿದ್ದರು. ಎರಡಕ್ಕೆ ಎರಡು ಅಕ್ಷರ, ತಾಳ ತಪ್ಪುತ್ತಿರಲಿಲ್ಲ.

ಹೀಗಾಗಿ ದೊಡ್ಡಪ್ಪ ಶಾಲೆಗೆ ಸೇರುವವರೆಗೆ ಆ ಮನೆಯಲ್ಲಿ ಅವರ ಹೆಸರನ್ನು ಅವರಿಗೆ ಯಾರೂ ಹೇಳಿರಲೇ ಇಲ್ಲ. ಹೊಸದಾಗಿ ವರ್ಗವಾಗಿ ಬಂದಿದ್ದ ಮೇಷ್ಟರು ದಿನವೂ ಹಾಜರಿ ಕೂಗುವಾಗ 'ಕೃಷ್ಣಪ್ಪ' ಎಂದರೆ ಯಾರೂ ಏಳುತ್ತಿರಲಿಲ್ಲ. ಅಣ್ಣಂದಿರ ಜೊತೆ ಸುಮ್ಮನೆ ಬಂದು ಕೂರುವ ಚಿಕ್ಕ ಮಕ್ಕಳು ಆಗ ಎಲ್ಲ ಶಾಲೆಗಳಲ್ಲೂ ಇದ್ದುದರಿಂದ, ಮುಂದಿನ ಸಾಲಿನಲ್ಲಿದ್ದ ಈ ಹುಡುಗನನ್ನೂ ಅವರು ಹಾಗೆಯೇ ಎಂದುಕೊಂಡರು. ಎಂಟು ದಿನ ಗೈರುಹಾಜರಿ ಬಿದ್ದ ಮೇಲೆ ಮೇಷ್ಟರು ಒಂದು ಸಂಜೆ ಮನೆಗೇ ಬಂದು, 'ಕೃಷ್ಣಪ್ಪ ಎಲ್ಲಿ?' ಎಂದು ಕೇಳಿದರು. ಬಾಗಿಲ ಮರೆಯಿಂದ ಅಜ್ಜಿ, 'ಅವರು ತೋಟಕ್ಕೆ ಹೋಗಿದ್ದಾರೆ' ಎಂದರು. ಆರು ವರ್ಷದ ಹುಡುಗನಿಗೆ ಇಷ್ಟು ಮರ್ಯಾದೆಯೇ ಎಂದು ಬೆರಗಾದ ಮೇಷ್ಟರು, 'ಎಂಟು ದಿನದಿಂದಲೂ ತೋಟದಲ್ಲೇ ಇದ್ದಾನೆಯೇ?' ಎಂದರು. ಮಾವನವರನ್ನು ಏಕವಚನದಲ್ಲಿ ಕರೆದರಲ್ಲ ಎಂದು ಅಜ್ಜಿಗೆ ಕೋಪ ಬಂದು, 'ಇಪ್ಪತ್ತು ವರ್ಷದಿಂದ ತೋಟ ನೋಡಿಕೊಳ್ಳುತ್ತಿರುವವರು ಅವರೇ' ಎಂದರಂತೆ. ಜಗಲಿಯ ಕಂಬ ಹಿಡಿದು ನಿಂತಿದ್ದ ಹುಡುಗನನ್ನು ಮೇಷ್ಟರು ಆಗ ನೋಡಿ, 'ಇವನು ದಿನವೂ ಬರುತ್ತಾನಲ್ಲ, ಇವನ ಹೆಸರೇನು?' ಎಂದರು. ಹುಡುಗ ತಾನೇ ಉತ್ತರ ಕೊಟ್ಟ: 'ಕಿಟ್ಟಿ.' ಮರುದಿನ ಮೇಷ್ಟರು ಹಾಜರಿ ಪುಸ್ತಕದಲ್ಲಿ ಕೃಷ್ಣಪ್ಪ ಎಂಬುದರ ಪಕ್ಕ ಪೆನ್ಸಿಲಿನಲ್ಲಿ ಕಿಟ್ಟಿ ಎಂದು ಬರೆದುಕೊಂಡರಂತೆ. ದೊಡ್ಡಪ್ಪ ಎಪ್ಪತ್ತು ದಾಟಿದ ಮೇಲೂ ಆ ಪೆನ್ಸಿಲಿನ ಅಕ್ಷರಗಳನ್ನು ಹೇಳುವಾಗ ಅವರ ಮುಖ ಅರಳುತ್ತಿತ್ತು.

ಗಮನಿಸಿ, ಇಲ್ಲಿ ಕಿಟ್ಟಿ ಎಂಬುದು ಮುದ್ದಿಗಾಗಿ ಹುಟ್ಟಿದ್ದಲ್ಲ, ಮರ್ಯಾದೆಗಾಗಿ ಬಳಕೆಗೆ ಬಂದದ್ದು. ಹಿರಿಯರ ಹೆಸರನ್ನು ಕಾಯುವುದಕ್ಕೇ ಕಿರಿಯನಿಗೆ ಪಳಗಿದ ಹೆಸರು ಬೇಕಾಗಿತ್ತು. ಕೆಡಿಸಿದ್ದು ಎನ್ನುವವರು ಇದನ್ನು ಯೋಚಿಸಬೇಕು. ಮುದ್ದು ಆಮೇಲೆ ಸೇರಿಕೊಂಡಿತು. ಪುಟ್ಟ ಗಂಡಾದರೆ ಪುಟ್ಟಿ ಹೆಣ್ಣು, ಕಳ್ಳ ಗಂಡಾದರೆ ಕಳ್ಳಿ ಹೆಣ್ಣು. ಕೊನೆಯ ಇಕಾರ ಕನ್ನಡದಲ್ಲಿ ಸಾಮಾನ್ಯವಾಗಿ ಹೆಣ್ಣಿನ ಗುರುತು. ಆದರೂ ಕಿಟ್ಟಿ, ನಾರಾಯಣನಿಂದ ಬಂದ ನಾಣಿ, ಶ್ರೀನಿವಾಸನಿಂದ ಬಂದ ಸೀನಿ, ಮೂವರೂ ಗಂಡುಮಕ್ಕಳು. ಮುದ್ದಿನ ಮುಂದೆ ಲಿಂಗದ ನಿಯಮವೂ ಸಡಿಲವಾಯಿತು ಎಂದು ನಾನು ತಿಳಿಯುತ್ತೇನೆ. ಅವನೇ ಬೆಳೆದರೆ ಕಿಟ್ಟಣ್ಣ, ಇನ್ನೂ ಹಿರಿಯನಾದರೆ ಕಿಟ್ಟಪ್ಪ; ಉತ್ತರ ಕರ್ನಾಟಕದ ಗೆಳೆಯರ ಬಾಯಲ್ಲಿ ಕಿಟ್ಯಾ. ಒಮ್ಮೆ ತರಗತಿಯಲ್ಲಿ ಹುಡುಗಿಯೊಬ್ಬಳು, 1894ರ ನಿಘಂಟಿನ ಕಿಟ್ಟೆಲ್ ಅವರಿಗೂ ಕನ್ನಡಿಗರೇ ಪ್ರೀತಿಯಿಂದ ಆ ಹೆಸರಿಟ್ಟರೇ ಎಂದು ಕೇಳಿದಳು. ಅದು ಅವರ ಜರ್ಮನ್ ಮನೆತನದ ಹೆಸರು ಎಂದೆ. ಆದರೆ ಅವಳ ಪ್ರಶ್ನೆ ನನಗೆ ಬಹಳ ಹಿಡಿಸಿತು.

ಅಧ್ಯಕ್ಷರು ಗಡಿಯಾರದ ಕಡೆ ನೋಡಿದ್ದನ್ನು ನಾನೂ ನೋಡಿದೆ. ಉಳಿದದ್ದನ್ನು ಬೇಗ ಹೇಳುತ್ತೇನೆ. ನಾನು ಪಾಠಕ್ಕೆ ಸೇರಿದ ವರ್ಷಗಳಲ್ಲಿ ತರಗತಿಗೊಬ್ಬ ಕಿಟ್ಟಿ ಇರುತ್ತಿದ್ದ. ನಿವೃತ್ತನಾಗುವ ಹೊತ್ತಿಗೆ ಹುಡುಕಿದರೂ ಸಿಗುತ್ತಿರಲಿಲ್ಲ. ಅಜ್ಜನ ಹೆಸರಿಡುವುದು ಕಡಿಮೆಯಾಯಿತು, ಹೆಸರು ಹೇಳಬಾರದ ಸೊಸೆಯೂ ಈಗಿಲ್ಲ, ಅದು ಒಳ್ಳೆಯದೇ. ಇನ್ನೊಂದು ಕಾರಣ, ಈಗ ಇಡುವ ಹೆಸರುಗಳೇ ಎರಡಕ್ಷರ, ಮೂರಕ್ಷರ; ಕ್ರಿಶ್ ಎಂದು ಇಟ್ಟ ಮೇಲೆ ಮೊಟಕು ಮಾಡಲು ಏನು ಉಳಿಯುತ್ತದೆ? ಎಲ್ಲಕ್ಕಿಂತ ಮಿಗಿಲಾಗಿ, ದಾಖಲೆಯ ಹೆಸರೊಂದೇ ಹೆಸರು ಎಂಬ ನಂಬಿಕೆ ಬಂದಿದೆ. 1969ರ ಜನನ ಮರಣ ನೋಂದಣಿ ಕಾಯ್ದೆಯಲ್ಲಿ ಹೆಸರಿಲ್ಲದೆಯೂ ಜನನವನ್ನು ನೋಂದಾಯಿಸಿ, ಹೆಸರನ್ನು ಆಮೇಲೆ ಸೇರಿಸಲು ಅವಕಾಶವಿದೆ. ಆದರೆ ಮಗು ಒಂದು ಹೆಸರಿಗೆ ಒಗ್ಗುವ ಮೊದಲೇ ಕಾಗದ ಒಗ್ಗಿಬಿಡುತ್ತದೆ.

ಇಂಗ್ಲೆಂಡಿನಲ್ಲಿ ಹೀಗಾಗಲಿಲ್ಲ. ಜಾನ್ ಎಂಬುದರ ಮುದ್ದಿನ ರೂಪವಾದ ಜಾಂಕಿನ್ ಎಂಬುದರಿಂದ ಬಂದ ಜ್ಯಾಕ್ ಅಲ್ಲಿ ದಾಖಲೆಯ ಹೆಸರೇ ಆಗಿ, 2009ರಲ್ಲಿ ಆಲಿವರ್ ಮುಂದೆ ಬರುವವರೆಗೆ ಹದಿನಾಲ್ಕು ವರ್ಷ ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಗಂಡುಮಕ್ಕಳಿಗೆ ಅತಿ ಹೆಚ್ಚು ಇಟ್ಟ ಹೆಸರಾಗಿತ್ತು. ಮೂಲ ಹೆಸರಾದ ಜಾನ್‌ಗಿಂತ ಅದರಿಂದ ಹುಟ್ಟಿದ ಹೆಸರೇ ಗೆದ್ದಿತು. ಅವರು ಅದನ್ನು ಕೆಟ್ಟ ಜಾನ್ ಎಂದುಕೊಳ್ಳಲಿಲ್ಲ.

ತೆಲುಗಿನ ಕಿಷ್ಟಯ್ಯನ ಬಗ್ಗೆ, ತಮಿಳಿನ ಕಿಟ್ಟುವಿನ ಬಗ್ಗೆ, ಬಂಗಾಳಿಯ ಕೇಷ್ಟೊ ಬಗ್ಗೆ ಬರೆದುಕೊಂಡ ಹಾಳೆಗಳು ಇಲ್ಲೇ ಇವೆ; ಅವನ್ನು ಮಡಚಿಡುತ್ತೇನೆ. ಹೊರಗೆ ಬಾಗಿಲ ಬಳಿ ಸಂಘದವರು ಹಾಜರಿ ಪುಸ್ತಕವಿಟ್ಟಿದ್ದಾರೆ. ಅವರ ಒಪ್ಪಿಗೆ ಪಡೆದು ಇವತ್ತು ಬೆಳಗ್ಗೆ ನಾನು ಅದರಲ್ಲಿ ಹೆಸರಿನ ಪಕ್ಕ ಇನ್ನೊಂದು ಗೆರೆ ಎಳೆದು 'ಮನೆಯಲ್ಲಿ ಕರೆಯುವ ಹೆಸರು' ಎಂದು ಬರೆದಿದ್ದೇನೆ. ಹೋಗುವಾಗ ದಯವಿಟ್ಟು ಅದನ್ನೂ ತುಂಬಿಸಿ ಹೋಗಿ. ಪೆನ್ಸಿಲನ್ನೂ ಅಲ್ಲೇ ಇಟ್ಟಿದ್ದೇನೆ.