ಮುಖಕ್ಕೊಂದು ಟಿಕೆಟ್

ಕೇಳುಗರಿಗೆ ನಮಸ್ಕಾರ.

ಇಂಗ್ಲೆಂಡಿನ ಲ್ಯಾಂಕಾಷೈರಿನಲ್ಲಿ ಬ್ಲ್ಯಾಕ್‌ಬರ್ನ್ ಅಂತ ಒಂದು ಊರಿದೆ, ಹತ್ತಿ ಗಿರಣಿಗಳಿಗೆ ಹೆಸರಾಗಿದ್ದ ಊರು. 1994ರಲ್ಲಿ ಅಲ್ಲಿನ ಹಳೇ ಅಂಗಡಿಯೊಂದನ್ನು ತೆರವು ಮಾಡುವಾಗ ನೆಲಮಾಳಿಗೆಯಲ್ಲಿ ಮೂರು ಲೋಹದ ಪೀಪಾಯಿಗಳು ಸಿಕ್ಕವು. ಒಳಗೆ ಸುಮಾರು 800 ಫಿಲ್ಮ್ ಸುರುಳಿಗಳು. ಇಪ್ಪತ್ತನೇ ಶತಮಾನದ ಆರಂಭದಲ್ಲಿ ಮಿಚೆಲ್ ಮತ್ತು ಕೆನ್ಯನ್ ಎಂಬ ಪಾಲುದಾರರು ತೆಗೆದ ಮೂಕಿ ಚಿತ್ರಗಳು ಅವು. ಗಿರಣಿ ಬಿಟ್ಟು ಹೊರಬರುವ ಕೆಲಸಗಾರರು, ಟ್ರಾಮು, ಕುದುರೆಗಾಡಿ, ಫುಟ್‌ಬಾಲ್ ಮೈದಾನದ ಜನಜಂಗುಳಿ, ಹೆಚ್ಚಾಗಿ ಇಂಥವೇ.

ಜನಜೀವನವನ್ನು ಮುಂದಿನವರಿಗಾಗಿ ದಾಖಲಿಸಿಡೋಣ ಅನ್ನೋ ಘನ ಉದ್ದೇಶವೇನೂ ಇರಲಿಲ್ಲ, ಟಿಕೆಟ್ ಮಾರಾಟ ಆಗಬೇಕಿತ್ತು ಅಷ್ಟೆ. ಜಾತ್ರೆಗಳಲ್ಲಿ ಡೇರೆ ಹಾಕಿ ಸಿನಿಮಾ ತೋರಿಸುತ್ತಿದ್ದವರು ಈ ಇಬ್ಬರಿಂದ ಚಿತ್ರ ತೆಗೆಸುತ್ತಿದ್ದರು. ಕೆಲಸ ಬಿಡುವ ಹೊತ್ತಿಗೆ ಗಿರಣಿ ಗೇಟಿನೆದುರು ಕ್ಯಾಮೆರಾ ಸಿದ್ಧ. ಎಷ್ಟೋ ಸಲ ಅದೇ ದಿನ ಸಂಜೆಗೇ ಪ್ರದರ್ಶನ: ಬನ್ನಿ, ಪರದೆ ಮೇಲೆ ನಿಮ್ಮನ್ನು ನೀವೇ ನೋಡಿಕೊಳ್ಳಿ! ಹೆಚ್ಚು ಮುಖ ಬಿದ್ದಷ್ಟೂ ಹೆಚ್ಚು ಗಿರಾಕಿ. ಕೆಲವು ಚಿತ್ರಗಳಲ್ಲಿ ಪ್ರದರ್ಶನದ ಯಜಮಾನನೇ ನಡುವೆ ನುಗ್ಗಿ ಜನರನ್ನು ಕ್ಯಾಮೆರಾದ ಕಡೆಗೆ ಅಟ್ಟುತ್ತಾನೆ!

ತಲೆಮೇಲೆ ಶಾಲು ಹೊದ್ದ ಹೆಂಗಸರು ಮರದಟ್ಟೆಯ ಬೂಟು ಹಾಕಿಕೊಂಡು ಗುಂಪುಗುಂಪಾಗಿ ಬರುತ್ತಾರೆ. ಬರಿತಲೆಯ ಗಂಡಸು ಹುಡುಕಿದರೂ ಸಿಗುವುದು ಕಷ್ಟ. ಮಕ್ಕಳೂ ಇದ್ದಾರೆ. ಅರ್ಧ ದಿನ ಶಾಲೆ, ಅರ್ಧ ದಿನ ಗಿರಣಿ, ಆಗಿನ ಕಾನೂನೇ ಅದನ್ನು ಒಪ್ಪಿತ್ತು. ಒಮ್ಮೆ ಹಾದುಹೋದ ಹುಡುಗ ಹಿಂದಿನಿಂದ ಸುತ್ತಿಬಂದು ಮತ್ತೆ ಹಲ್ಲುಕಿರಿಯುತ್ತಾನೆ.

ಇದನ್ನು ಸಹಜ ಬದುಕಿನ ಚಿತ್ರ ಅನ್ನುವವರಿದ್ದಾರೆ. ನಾನು ಒಪ್ಪಲಾರೆ. ಅಲ್ಲಿ ಬಹುತೇಕರಿಗೆ ಕ್ಯಾಮೆರಾದ ಅರಿವಿದೆ. ಆದರೆ ನನಗೆ ಇಷ್ಟವಾಗುವುದೂ ಅದೇ. ಇಡೀ ದಿನ ಮಗ್ಗದ ಮುಂದೆ ನಿಂತು ಸುಸ್ತಾದ ಹುಡುಗಿಯಲ್ಲಿ ಗೆಳತಿಯನ್ನು ಮೊಣಕೈಯಿಂದ ತಿವಿದು ನಗುವಷ್ಟು ತುಂಟತನ ಉಳಿದಿರುತ್ತಿತ್ತು ಅನ್ನೋದನ್ನು ಯಾವ ಗಿರಣಿಯ ಹಾಜರಿ ಪುಸ್ತಕ ಹೇಳೀತು?

ಚಿತ್ರಗಳು ಇಷ್ಟು ಸ್ಪಷ್ಟವಾಗಿರಲು ಕಾರಣವಿದೆ. ಜಾತ್ರೆಯಿಂದ ಜಾತ್ರೆಗೆ ಅಲೆದ ಪ್ರಿಂಟುಗಳು ಪ್ರೊಜೆಕ್ಟರಿಗೆ ಸಿಕ್ಕಿ ಸವೆದವು. ಪೀಪಾಯಿಯಲ್ಲಿದ್ದದ್ದು ಮೂಲ ನೆಗೆಟಿವ್‌ಗಳು. ಬೆಂಕಿ ತಗುಲಿದರೆ ಭಗ್ಗನೆ ಉರಿಯುವ ನೈಟ್ರೇಟ್ ಫಿಲ್ಮ್, ಹೇಗೋ ಬಚಾವಾಯಿತು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅವನ್ನು ಜೋಪಾನವಾಗಿ ಸರಿಪಡಿಸಿದೆ.

ನೋಡುವ ಅವಕಾಶ ಸಿಕ್ಕರೆ ಅಂಚುಗಳ ಕಡೆಗೂ ಕಣ್ಣು ಹಾಯಿಸಿ. ಕ್ಯಾಮೆರಾ ಕಂಡು ಮುಖ ತಿರುಗಿಸಿ ಸರಸರ ನಡೆಯುವವರೂ ಇದ್ದಾರೆ. ಸಂಜೆ ಅವರಿಗೆ ಟಿಕೆಟ್ ಮಾರುವುದು ಯಜಮಾನನಿಗೆ ಕಷ್ಟವಾಗಿರಬೇಕು.