ಗುಂಡಮ್, ಮಜಿಂಗರ್, ಗೆಟ್ಟರ್ ಒಂದೇ ತಂಡದಲ್ಲಿ: ಸೂಪರ್ ರೋಬೋಟ್ ವಾರ್ಸ್ ಲೋಕ

[ಪರದೆ: ಮೂರು ರೋಬೋಟ್‌ಗಳ ನೆರಳು, ಪಕ್ಕದಲ್ಲಿ ಎತ್ತರ: 18, 38, 105 ಮೀಟರ್]

ನಮಸ್ಕಾರ ಎಲ್ಲರಿಗೂ. ಈ ಮೂರು ರೋಬೋಟ್‌ಗಳನ್ನು ನೋಡಿ. ಗಿಡ್ಡ ಇರುವುದು ಗುಂಡಮ್, 18 ಮೀಟರ್. ಮಧ್ಯದ್ದು ಗೆಟ್ಟರ್, 38 ಮೀಟರ್. ಕೊನೆಗೆ ನಿಂತ ದೈತ್ಯ ಐಡಿಯಾನ್, 105 ಮೀಟರ್. ಮೂರೂ ಜಪಾನಿನ ಟಿವಿ ಅನಿಮೆಗಳಿಂದ ಬಂದವು. ಒಂದರ ಕಥೆಗೂ ಇನ್ನೊಂದರ ಕಥೆಗೂ ಸಂಬಂಧವೇ ಇಲ್ಲ. ಇಂಥ ರೋಬೋಟ್‌ಗಳನ್ನು ಒಂದೇ ಸೈನ್ಯಕ್ಕೆ ಸೇರಿಸಿ ಯುದ್ಧ ಮಾಡಿಸುವ ಆಟಗಳ ಸರಣಿ 1991ರಿಂದ ನಡೆದುಕೊಂಡು ಬಂದಿದೆ. ಅದೇ ಸೂಪರ್ ರೋಬೋಟ್ ವಾರ್ಸ್.

ಮೊದಲ ಆಟ ಬಂದಿದ್ದು 1991ರ ಏಪ್ರಿಲ್‌ನಲ್ಲಿ, ಗೇಮ್ ಬಾಯ್ ಅನ್ನುವ ಕೈಯಲ್ಲಿ ಹಿಡಿದು ಆಡುವ ಯಂತ್ರಕ್ಕೆ. ಹೊರತಂದ ಕಂಪನಿ ಬಾನ್‌ಪ್ರೆಸ್ಟೊ. ಮಜಿಂಗರ್, ಗೆಟ್ಟರ್, ಗುಂಡಮ್, ಈ ಮೂರು ಅನಿಮೆ ಮನೆತನಗಳ ರೋಬೋಟ್‌ಗಳಷ್ಟೇ ಅದರಲ್ಲಿದ್ದವು. ಒಳಗೆ ಕೂತು ಓಡಿಸುವ ಪೈಲಟ್‌ಗಳೇ ಇರಲಿಲ್ಲ, ರೋಬೋಟ್‌ಗಳಿಗೇ ಜೀವ. ಅದೇ ವರ್ಷ ಡಿಸೆಂಬರ್‌ನಲ್ಲಿ, ಟಿವಿಗೆ ಜೋಡಿಸಿ ಆಡುವ ಫ್ಯಾಮಿಕಾಮ್ ಯಂತ್ರಕ್ಕೆ ಎರಡನೆಯದು ಬಂತು. ಪೈಲಟ್‌ಗಳು ಬಂದರು, ಸರಿಯಾದ ಕಥೆ ಬಂತು. ಇವತ್ತು ನಾವು ನೋಡುವ ಸರಣಿಗೆ ಬುನಾದಿ ಅದೇ.

[ಪರದೆ: ಯುದ್ಧದ ನಕ್ಷೆ, ದಪ್ಪ ತಲೆ, ಗಿಡ್ಡ ಕಾಲಿನ ರೋಬೋಟ್‌ಗಳು]

ಈಗ ಆಟ ಹೇಗೆ ನಡೆಯುತ್ತದೆ ನೋಡೋಣ. ನಕ್ಷೆ ತುಂಬಾ ಚೌಕಾಬಾರದ ಹಾಗೆ ಮನೆಗಳು. ನೀವೊಂದು ಸರದಿ, ಶತ್ರು ಒಂದು ಸರದಿ. ನಕ್ಷೆಯ ಮೇಲೆ 18 ಮೀಟರಿನವನಿಗೂ ಒಂದೇ ಮನೆ, 105 ಮೀಟರಿನವನಿಗೂ ಒಂದೇ ಮನೆ. ಹಾಗಾದರೆ ಎಲ್ಲರೂ ಸಮಾನವಾ? ಇಲ್ಲ. ಗಾತ್ರ, ರಕ್ಷಾಕವಚ, ವೇಗ ಎಲ್ಲಕ್ಕೂ ಲೆಕ್ಕ ಇದೆ, ಆ ಲೆಕ್ಕದಲ್ಲೇ ಪಾತ್ರದ ಸ್ವಭಾವ ಅಡಗಿದೆ.

ಉದಾಹರಣೆಗೆ, ಗುಂಡಮ್‌ನ ಪೈಲಟ್ ಅಮುರೋ ರೇ. ಇವನು ಏಟು ತಿನ್ನುವುದಿಲ್ಲ, ತಪ್ಪಿಸಿಕೊಳ್ಳುತ್ತಾನೆ. ನಾಲ್ಕು ಜನ ಶತ್ರುಗಳ ಮಧ್ಯೆ ಒಬ್ಬನೇ ನಿಲ್ಲಿಸಿದರೂ ಸಾಕಷ್ಟು ಸಲ ಗೀಚೂ ಬೀಳದೆ ಬರುತ್ತಾನೆ. ಆದರೆ ಒಂದು ಏಟು ಸರಿಯಾಗಿ ಬಿದ್ದರೆ ಕಷ್ಟ. ಮಜಿಂಗರ್‌ನ ಕೋಜಿ ಕಬುಟೊ ಇದಕ್ಕೆ ಪೂರ್ತಿ ಉಲ್ಟಾ. ಎದೆ ಕೊಟ್ಟು ನಿಲ್ಲುತ್ತಾನೆ, ಬಿದ್ದ ಏಟೆಲ್ಲ ತಡೆದುಕೊಳ್ಳುತ್ತಾನೆ. ಅವನ ತೊಂದರೆ ಬೇರೆ: ಗುರಿ ಅಷ್ಟು ಚೆನ್ನಾಗಿಲ್ಲ.

ಇಲ್ಲಿ ಸ್ಪಿರಿಟ್ ಕಮಾಂಡ್ ಬೇಕಾಗುತ್ತದೆ. ಪ್ರತಿ ಪೈಲಟ್‌ಗೂ ಕೆಲವು ಮನೋಬಲದ ಪಟ್ಟುಗಳಿವೆ. ಕೋಜಿ ಮೊದಲು ‘ಹಿಚ್ಚೂ’ ಹಾಕುತ್ತಾನೆ, ಆ ಸರದಿಯಲ್ಲಿ ಗುರಿ ತಪ್ಪುವುದಿಲ್ಲ. ಆಮೇಲೆ ‘ನೆಕ್ಕೆತ್ಸು’, ಮುಂದಿನ ಏಟಿಗೆ ಎರಡು ಪಟ್ಟು ಬಲ. ಬಿಸಿ ರಕ್ತದ ಹುಡುಗ ಕೂಗಿಕೊಂಡು ನುಗ್ಗುವುದು ಟಿವಿಯಲ್ಲಿ ಹೇಗಿತ್ತೋ ಇಲ್ಲಿ ನಿಮ್ಮ ಬೆರಳಲ್ಲೂ ಹಾಗೇ. ಅವನು ಹೊಡೆಯುವಾಗ ಹಿನ್ನೆಲೆ ಸಂಗೀತ ಬದಲಾಗಿ ಮಜಿಂಗರ್ ಹಾಡಿನ ಧಾಟಿ ಬರುತ್ತದೆ. ಅಮುರೋ ಹೊಡೆದರೆ ಗುಂಡಮ್‌ದು. ಚಿಕ್ಕ ವಿಷಯ ಅನ್ನಿಸಬಹುದು, ಆದರೆ ಆ ಅನಿಮೆ ನೋಡಿದವರಿಗೆ ಮೈ ಜುಮ್ ಅನ್ನುತ್ತದೆ.

ಸರಿ, ರೋಬೋಟ್‌ಗಳು ಒಟ್ಟಿಗೆ ನಿಂತವು. ಅಷ್ಟಕ್ಕೇ ಒಂದು ಲೋಕ ಆಗುತ್ತಾ? ನನ್ನ ಪ್ರಕಾರ ಆಗುವುದಿಲ್ಲ. ಒಬ್ಬರ ಕಥೆಗೆ ಇನ್ನೊಬ್ಬರು ಬಂದಾಗ ಏನಾದರೂ ಬದಲಾಗಬೇಕು. ಈ ಸರಣಿಯಲ್ಲಿ ನನಗೆ ತುಂಬಾ ಇಷ್ಟವಾದ ಭಾಗ ಅದು.

[ಪರದೆ: ಎರಡು ರೋಬೋಟ್‌ಗಳು ಅಕ್ಕಪಕ್ಕದ ಮನೆಗಳಲ್ಲಿ]

1985ರ ಝೀಟಾ ಗುಂಡಮ್ ಅನ್ನುವ ಟಿವಿ ಅನಿಮೆಯಲ್ಲಿ ಫೋರ್ ಮುರಾಸಮೆ ಅಂತ ಒಬ್ಬ ಹುಡುಗಿ ಇದ್ದಾಳೆ. ಸೈನ್ಯದವರು ಪ್ರಯೋಗ ಮಾಡಿ, ಅವಳ ನೆನಪುಗಳನ್ನೇ ಕಿತ್ತುಕೊಂಡು, ಅವಳನ್ನು ಆಯುಧ ಮಾಡಿದ್ದಾರೆ. ನಾಯಕ ಕಮಿಲ್‌ಗೂ ಅವಳಿಗೂ ಪ್ರೀತಿ. ಕಥೆಯಲ್ಲಿ ಅವಳು ಸಾಯುತ್ತಾಳೆ. ನೋಡಿದವರ ಮನಸ್ಸಿನಲ್ಲಿ ಆ ಸಾವು ಹಾಗೇ ಉಳಿದಿದೆ.

ಸೂಪರ್ ರೋಬೋಟ್ ವಾರ್ಸ್‌ನ ಹಲವು ಆಟಗಳಲ್ಲಿ ಅವಳನ್ನು ಉಳಿಸಬಹುದು. ಸುಮ್ನೆ ಆಗುವುದಿಲ್ಲ. ಕಮಿಲ್‌ನನ್ನು ಶತ್ರುಗಳ ನಡುವೆ ದಾಟಿಸಿ ಅವಳ ಪಕ್ಕದ ಮನೆಗೇ ತಂದು ನಿಲ್ಲಿಸಬೇಕು. ಆಗ ಪಟ್ಟಿಯಲ್ಲಿ ‘ಹೊಡೆ’ ಜೊತೆಗೆ ‘ಮನವೊಲಿಸು’ ಅನ್ನುವುದೂ ಕಾಣುತ್ತದೆ. ಅದನ್ನು ಒತ್ತಬೇಕು. ಸರಿಯಾದ ಪೈಲಟ್, ಸರಿಯಾದ ಘಟ್ಟ, ಮೊದಲೇ ಪೂರೈಸಬೇಕಾದ ಷರತ್ತು, ಇವುಗಳಲ್ಲಿ ಒಂದು ತಪ್ಪಿದರೂ ಕೈ ಜಾರುತ್ತದೆ. ಎಷ್ಟೋ ಆಟಗಳಲ್ಲಿ ಈ ಷರತ್ತುಗಳನ್ನು ಆಟ ಬಾಯಿಬಿಟ್ಟು ಹೇಳುವುದೂ ಇಲ್ಲ. ಹುಡುಕಿ ಹುಡುಕಿ ಕೊನೆಗೆ ಅವಳು ನಿಮ್ಮ ತಂಡಕ್ಕೆ ಬಂದಾಗ ಆಗುವ ಖುಷಿ ಇದೆಯಲ್ಲ, ಯಾವ ದೊಡ್ಡ ಬಾಸ್ ಸೋಲಿಸಿದರೂ ಸಿಗುವುದಿಲ್ಲ.

ಇದಕ್ಕೆ ವಿರುದ್ಧದ್ದೂ ಇದೆ. ಕೆಲವು ಆಟಗಳಲ್ಲಿ ಒಂದು ಅನಿಮೆ ಸರಣಿಯ ಹೆಸರು ಇರುತ್ತದೆ, ರೋಬೋಟ್ ಇರುತ್ತದೆ, ಕಥೆ ಮಾತ್ರ ಇರುವುದಿಲ್ಲ. ಅಭಿಮಾನಿಗಳು ಇದಕ್ಕೆ ಬೇಜಾರು ಮಾಡಿಕೊಳ್ಳುತ್ತಾರೆ, ನ್ಯಾಯವಾಗಿಯೇ. ಪಾತ್ರವನ್ನು ಕರೆಸಿ ಮೂಲೆಯಲ್ಲಿ ಕೂರಿಸಿದರೆ ಯಾಕೆ ಕರೆಸಬೇಕಿತ್ತು, ಅಲ್ವಾ?

ಇಷ್ಟೆಲ್ಲ ಕಥೆಗಳನ್ನು ಕಟ್ಟಲು ಒಂದು ದಾರ ಬೇಕು. ಅದಕ್ಕಾಗಿ ಬಾನ್‌ಪ್ರೆಸ್ಟೊ ತನ್ನದೇ ಪಾತ್ರಗಳನ್ನು ಸೃಷ್ಟಿಸಿತು. ಎರಡನೆಯ ಆಟದಲ್ಲೇ ಸೈಬಸ್ಟರ್ ಅನ್ನುವ ಬೆಳ್ಳಿ ಬಣ್ಣದ ರೋಬೋಟ್, ಅದರ ಪೈಲಟ್ ಮಸಾಕಿ ಬಂದರು. ಹೀಗೆ ಆಟದಿಂದ ಆಟಕ್ಕೆ ಸ್ವಂತ ಪಾತ್ರಗಳು ಜಾಸ್ತಿಯಾದವು. 2002ರಲ್ಲಿ ಅವರನ್ನಷ್ಟೇ ಸೇರಿಸಿ ಗೇಮ್ ಬಾಯ್ ಅಡ್ವಾನ್ಸ್‌ಗೆ ‘ಒರಿಜಿನಲ್ ಜನರೇಷನ್’ ಅನ್ನುವ ಆಟ ಮಾಡಿದರು. ಬೇರೆಯವರ ಕಥೆ ಹೊಲಿಯಲು ಬಂದ ದಾರಕ್ಕೆ ಅಷ್ಟರಲ್ಲಿ ತನ್ನದೇ ಕಥೆ ಹುಟ್ಟಿತ್ತು.

ಆ ಆಟ 2006ರಲ್ಲಿ ಇಂಗ್ಲಿಷ್‌ನಲ್ಲಿ ಅಮೆರಿಕಕ್ಕೂ ಹೋಯಿತು. ಹೋಗಲು ಸಾಧ್ಯವಾಗಿದ್ದೇ ಅದರಲ್ಲಿ ಹೊರಗಿನವರ ಪಾತ್ರ ಇಲ್ಲದ್ದರಿಂದ. ಮಿಕ್ಕ ಆಟಗಳಲ್ಲಿ ಒಂದೊಂದು ರೋಬೋಟ್‌ಗೂ ಒಬ್ಬೊಬ್ಬ ಒಡೆಯ. ಜಪಾನ್ ದಾಟಿದರೆ ಕೆಲವು ಸರಣಿಗಳ ಹಕ್ಕು ಮತ್ತೆ ಬೇರೆಯವರ ಕೈಯಲ್ಲಿ. ಕಥೆಯೊಳಗೆ ಸುಲಭವಾಗಿ ಕೈ ಕುಲುಕಿದವರು ಕಾಗದದ ಮೇಲೆ ಅಷ್ಟು ಸುಲಭವಾಗಿ ಒಪ್ಪುವುದಿಲ್ಲ.

[ಪರದೆ: ಸೂಪರ್ ರೋಬೋಟ್ ವಾರ್ಸ್ 30, ಮಿಷನ್ ಆಯ್ಕೆಯ ನಕ್ಷೆ]

ನೀವು ಶುರು ಮಾಡುವುದಾದರೆ 2021ರ ‘ಸೂಪರ್ ರೋಬೋಟ್ ವಾರ್ಸ್ 30’ ನೋಡಿ. ಕಂಪ್ಯೂಟರ್ ಆಟಗಳನ್ನು ಮಾರುವ ಸ್ಟೀಮ್ ಅಂಗಡಿಯಲ್ಲಿದೆ, ಇಂಗ್ಲಿಷ್ ಅಕ್ಷರ, ಜಪಾನಿ ದನಿ. ಮುಂದಿನ ಮಿಷನ್ ಯಾವುದು ಅಂತ ಬಹಳ ಕಡೆ ನೀವೇ ಆರಿಸಬಹುದು. ಎಲ್ಲ ಅನಿಮೆ ನೋಡಿರಬೇಕು ಅಂತೇನಿಲ್ಲ. ನಿಮಗೆ ಗೊತ್ತಿರುವ ಒಂದು ಸರಣಿ ಇದ್ದರೆ ಸಾಕು, ಆ ಪಾತ್ರಗಳ ಮಿಷನ್‌ಗಳನ್ನು ಮೊದಲು ಆಡಿ. ಪಕ್ಕದಲ್ಲಿ ಹೋರಾಡುತ್ತಿರುವ ಗುರುತಿಲ್ಲದ ಹುಡುಗ ಯಾರು, ಯಾಕೆ ಅಷ್ಟು ಸಿಟ್ಟು ಅವನಿಗೆ ಅಂತ ಅನ್ನಿಸಿದ ದಿನ ಅವನ ಸರಣಿಯನ್ನೂ ಹುಡುಕಿ ನೋಡಿ.