ಮೊದಲು ಆದೇಶ, ಆಮೇಲೆ ಪೊಲೀಸ್

ಕೇಳುಗರೆಲ್ಲರಿಗೂ ನಮಸ್ಕಾರ. ಇದು ಕಾಫಿ ಕೊಯ್ಲಿನ ಹೊತ್ತು. ತೋಟದಲ್ಲಿ, ಕಣದಲ್ಲಿ ರೇಡಿಯೋ ಹಾಕಿಕೊಂಡು ಕೆಲಸ ಮಾಡುತ್ತಿರುವವರು ತುಂಬಾ ಜನ ಇದ್ದೀರಿ ಅಂತ ಗೊತ್ತು. ಈ ಮಾತು ನಿಮಗೇ.

ಮಡಿಕೇರಿಯಲ್ಲಿ ನಾನು ವಕೀಲಿಕೆ ಶುರು ಮಾಡಿ ಇಪ್ಪತ್ತಾರು ವರ್ಷ ಆಯ್ತು. ಪ್ರತಿ ಕೊಯ್ಲಿನಲ್ಲೂ ಆಫೀಸಿಗೆ ಬರುವ ಮಾತು ಒಂದೇ. "ಸಾರ್, ಪಕ್ಕದ ತೋಟದವರು ತಕರಾರು ತೆಗೆದಿದ್ದಾರೆ. ಎಸ್‌ಐಗೆ ಒಂದು ಫೋನ್ ಮಾಡಿ, ಪ್ರೊಟೆಕ್ಷನ್ ಕೊಡಿಸಿ." ನಾನು ಫೋನ್ ಮಾಡುವುದಿಲ್ಲ. ಜಾಗ ಯಾರದ್ದು ಅಂತ ಹೇಳುವ ಅಧಿಕಾರ ಪೊಲೀಸರಿಗೆ ಇಲ್ಲ. ಅದು ಸಿವಿಲ್ ಕೋರ್ಟಿನ ಕೆಲಸ. ಮೊದಲು ಕೋರ್ಟಿನ ಆದೇಶ, ಆಮೇಲೆ ಪೊಲೀಸ್. ಇವತ್ತು ಇದನ್ನೇ ಮತ್ತೆ ಮತ್ತೆ ಹೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ಹೊಡೆದರು, ಕತ್ತಿ ತೋರಿಸಿದರು, ಕೋವಿ ತಂದು ಹೆದರಿಸಿದರು ಅಂದರೆ ಅದು ಬೇರೆ. ಅದು ಅಪರಾಧ. ಆಗಲೇ 112ಕ್ಕೆ ಫೋನ್ ಮಾಡಿ, ಠಾಣೆಗೆ ಹೋಗಿ ದೂರು ಕೊಡಿ. ಅದಕ್ಕೆ ಯಾವ ಆದೇಶವೂ ಬೇಡ. ನಾನು ಹೇಳುತ್ತಿರುವುದು ಬೇಲಿ, ಗಡಿ, ದಾರಿಯ ಜಗಳದ ಬಗ್ಗೆ.

ವಿರಾಜಪೇಟೆ ಕಡೆಯ ಒಬ್ಬರು ಅಕ್ಕನ ವಿಷಯ ಹೇಳುತ್ತೇನೆ. ಗಂಡ ತೀರಿಕೊಂಡಿದ್ದರು, ಮಕ್ಕಳು ಬೆಂಗಳೂರಿನಲ್ಲಿ. ಮೂರೂವರೆ ಎಕರೆ ರೊಬಸ್ಟಾ ತೋಟ. ಒಂದು ದಿನ ಬೆಳಿಗ್ಗೆ ನೋಡಿದರೆ ಇವರ ತೋಟದೊಳಗಿನ ಸಿಲ್ವರ್ ಓಕ್ ಮರಗಳಿಗೆ ಕೆಂಪು ಬಣ್ಣ ಬಳಿದಿದೆ. "ಇಲ್ಲಿಂದ ಆಚೆ ನಮ್ಮದು" ಅಂದರು ಪಕ್ಕದವರು. ಎಂಟು ಸಾಲು ಕಾಫಿ! ಜನವರಿಯಲ್ಲಿ ಕುಯ್ಯಲು ಬಂದ ಆಳುಗಳನ್ನು ಬೈದು ವಾಪಸ್ ಕಳಿಸಿದರು.

ಅಕ್ಕ ಮೂರು ಸಲ ಠಾಣೆಗೆ ಹೋದರು. ಮೂರನೇ ಸಲ ಒಂದು ಹಿಂಬರಹ ಕೊಟ್ಟರು. ಇದು ಸಿವಿಲ್ ವಿಚಾರ, ಕೋರ್ಟಿಗೆ ಹೋಗಿ ಅಂತ. ಅದನ್ನು ಹಿಡಿದುಕೊಂಡು ಅಳುತ್ತಾ ಬಂದರು. "ಒಲೆಗೆ ಹಾಕೋಣ ಅಂತಿದ್ದೆ ವಕೀಲರೇ." ಬೇಡ ಅಕ್ಕ, ಅದನ್ನು ಜೋಪಾನವಾಗಿ ಇಡಿ, ನಮಗೆ ಬೇಕು ಅಂದೆ.

ಆರ್‌ಟಿಸಿಯಲ್ಲಿ, ಅಂದರೆ ಪಹಣಿಯಲ್ಲಿ, ಅವರ ಗಂಡನ ಅಜ್ಜನ ಹೆಸರೇ ಇತ್ತು. ಜಮ್ಮಾ ಜಾಗ ಅಲ್ವಾ, ಕೊಡಗಿನಲ್ಲಿ ತಲೆಮಾರುಗಳಿಂದ ಮನೆತನಕ್ಕೆ ಬಂದ ಜಾಗ, ನಮ್ಮಲ್ಲಿ ಇದು ಮಾಮೂಲು. ವಂಶವೃಕ್ಷ ಜೊತೆಗಿಟ್ಟೆವು. ಆದರೆ ಕೇಸನ್ನು ಉಳಿಸಿದ್ದು ಒಂದು ಹಳೆಯ ಬಿಸ್ಕತ್ ಡಬ್ಬ. ಅದರ ತುಂಬ ಚೀಟಿಗಳು. ಗೊಬ್ಬರದ ಬಿಲ್ಲು, ಆಳುಗಳ ಸಂಬಳದ ಲೆಕ್ಕ, ಕಾಫಿ ಮಾರಿದ ರಸೀದಿ, ಹತ್ತು ವರ್ಷದ್ದು. ಆ ತೋಟ ಅವರ ಸ್ವಾಧೀನದಲ್ಲೇ ಇದೆ ಅನ್ನುವುದಕ್ಕೆ ಇನ್ನೇನು ಬೇಕು? ಪಕ್ಕದವರು ಅಡ್ಡಿ ಮಾಡಬಾರದು ಅಂತ ಕೋರ್ಟು ತಾತ್ಕಾಲಿಕ ತಡೆಯಾಜ್ಞೆ ಕೊಟ್ಟಿತು.

ಪಕ್ಕದವರು ಅದಕ್ಕೂ ಬಗ್ಗಲಿಲ್ಲ. ಮತ್ತೆ ಆಳುಗಳನ್ನು ತಡೆದರು. ಆಗ ಅದೇ ಕೋರ್ಟಿನಲ್ಲಿ ಪೊಲೀಸ್ ನೆರವು ಕೇಳಿ ಅರ್ಜಿ ಹಾಕಿದೆವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 151ನೇ ಸೆಕ್ಷನ್ ಪ್ರಕಾರ. ಜೊತೆಗೆ ಆ ಹಿಂಬರಹ. ಕೇಳಿದರೂ ನೆರವು ಸಿಗಲಿಲ್ಲ ಅನ್ನುವುದಕ್ಕೆ ಅದೇ ಸಾಕ್ಷಿ. ಆದೇಶ ಆಯ್ತು. ದೃಢೀಕೃತ ನಕಲನ್ನು ಠಾಣೆಗೆ ಕೊಟ್ಟು, ನಮ್ಮ ಪ್ರತಿಯ ಮೇಲೆ ಸೀಲು ಹಾಕಿಸಿಕೊಂಡೆವು. ಕುಯ್ಯುವ ದಿನ ಬೆಳಿಗ್ಗೆ ಏಳೂವರೆಗೆ ಗೇಟಿನ ಹತ್ತಿರ ಇಬ್ಬರು ಪೊಲೀಸರು ನಿಂತಿದ್ದರು. ಅಕ್ಕ ಅವರಿಗೂ ಆಳುಗಳಿಗೂ ತಿನ್ನಲು ಅಕ್ಕಿ ಒಟ್ಟಿ, ಎಳ್ಳು ಪಜ್ಜಿ ಕೊಟ್ಟರು. ಬೇಲಿಯ ಆಚೆಯಿಂದ ಒಂದು ಮಾತಿಲ್ಲ.

ಆದರೆ ಅಷ್ಟರಲ್ಲಿ ಅರ್ಧದಷ್ಟು ಹಣ್ಣು ಗಿಡದಲ್ಲೇ ಒಣಗಿ ಉದುರಿತ್ತು. ಠಾಣೆಗೆ ಅಲೆದು ಕಳೆದ ದಿನಗಳು ಅವು. ನೆನೆದರೆ ಈಗಲೂ ನನಗೆ ಹೊಟ್ಟೆ ಉರಿಯುತ್ತದೆ. ಮೊದಲು ಆದೇಶ, ಆಮೇಲೆ ಪೊಲೀಸ್. ಇಷ್ಟು ಸುಲಭದ ಮಾತನ್ನು ಜನ ಯಾಕೆ ಕೇಳುವುದಿಲ್ಲವೋ!

ಸಮಯ ಕಡಿಮೆ ಇದೆ, ಉಳಿದದ್ದನ್ನು ಬೇಗ ಹೇಳುತ್ತೇನೆ. ತಡೆಯಾಜ್ಞೆ ಸಿಗಲು ವರ್ಷಗಟ್ಟಲೆ ಬೇಕು ಅಂದುಕೊಳ್ಳಬೇಡಿ. ತುರ್ತು ಇದ್ದರೆ ಎದುರಿನವರಿಗೆ ನೋಟಿಸ್ ಹೋಗುವ ಮೊದಲೇ ಕೊಡಬಹುದು. ಅದನ್ನು ಮೀರಿದವರನ್ನು ಮೂರು ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸುವ ಅಧಿಕಾರ ಕೋರ್ಟಿಗೆ ಇದೆ. ಗಡಿಯೇ ಗೊಂದಲ ಆಗಿದ್ದರೆ ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಿ ಅಂತ, ಅರ್ಜಿ ಹಾಕಿ, ಸರ್ವೆ ಮಾಡಿಸಿ. ಸುಮ್ನೆ ಬೇಲಿ ಕೀಳಲು ಹೋಗಬೇಡಿ, ಆಮೇಲೆ ಕೇಸು ನಿಮ್ಮ ಮೇಲೇ ಬೀಳುತ್ತದೆ.

ವಕೀಲರಿಗೆ ಕೊಡಲು ದುಡ್ಡಿಲ್ಲ ಅಂತ ಕೈಕಟ್ಟಿ ಕೂರಬೇಡಿ. ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ಕಾನೂನು ನೆರವು ಇದೆ. 15100ಕ್ಕೆ ಫೋನ್ ಮಾಡಿ. ಹೋಗುವಾಗ ಮನೆಯಲ್ಲಿರುವ ಚೀಟಿಗಳನ್ನೆಲ್ಲ ತೆಗೆದುಕೊಂಡು ಹೋಗಿ, ಬಿಸ್ಕತ್ ಡಬ್ಬದ ಸಮೇತ. ನಮಸ್ಕಾರ.